ತೊರಪಳ್ಳಿಯ ಬಂಡಿ ಜಾಡು

ಬೆಳಗಿನ ಏಳು ಗಂಟೆಗೆ ಹೊಸೂರು ಬಸ್ ನಿಲ್ದಾಣದಲ್ಲಿ ನಿಂತರೆ ಮೂರು ಭಾಷೆ ಒಟ್ಟಿಗೇ ಕಿವಿಗೆ ಬೀಳುತ್ತವೆ. ಹೂವಿನ ಮೂಟೆ ಇಳಿಸುತ್ತಿರುವಾಕೆ ಮಗನನ್ನು ತೆಲುಗಿನಲ್ಲಿ ಗದರಿಸುತ್ತಾಳೆ. ಕಂಡಕ್ಟರ್ ತಮಿಳಿನಲ್ಲಿ ಊರಿನ ಹೆಸರುಗಳನ್ನು ಒಂದೇ ಉಸಿರಿಗೆ ಕೂಗುತ್ತಾನೆ. ಟೀ ಅಂಗಡಿಯವನು ಚಿಲ್ಲರೆ ಕೇಳುವುದು ಕನ್ನಡದಲ್ಲಿ. ಪಕ್ಕದಲ್ಲಿ ನಿಂತ ಲುಂಗಿಯ ಮನುಷ್ಯನಂತೂ ಒಂದು ಲೋಟ ಟೀ ಮುಗಿಯುವಷ್ಟರಲ್ಲಿ ಮೂರನ್ನೂ ಆಡಿ ಮುಗಿಸಿದ. ಯಾವ ಮಾತಿಗೂ ಅವನ ಮುಖ ಬದಲಾಗಲಿಲ್ಲ. ಊರಿನ ಹೆಸರು ಕನ್ನಡದ್ದು, ಬೋರ್ಡುಗಳು ತಮಿಳಿನವು, ಗುಡ್ಡದ ಮೇಲಿನ ಚಂದ್ರಚೂಡೇಶ್ವರನಿಗೆ ಮೂರು ಭಾಷೆಯಲ್ಲೂ ಹರಕೆ ಸಲ್ಲುತ್ತದೆ.

"ತೊರಪಳ್ಳಿಗೆ ಹೋಗುತ್ತಾ?" ಎಂದು ಕೇಳಿದೆ.

"ಹತ್ತಿ ಸಾರ್. ರಾಜಾಜಿ ಮನೆ ತಾನೇ?" ಅಂದ ಕಂಡಕ್ಟರ್.

ಹೌದೆಂದು ತಲೆಯಾಡಿಸಿ ಹತ್ತಿದೆ. ಪೂರ್ತಿ ನಿಜ ಹೇಳುವಷ್ಟು ಹೊತ್ತು ಅಲ್ಲಿರಲಿಲ್ಲ.

ಬಸ್ಸು ಊರು ಬಿಡುತ್ತಲೇ ಮೊದಲು ಸಿಗುವುದು ಕಾರ್ಖಾನೆಗಳ ಉದ್ದುದ್ದ ಕಾಂಪೌಂಡು ಗೋಡೆಗಳು, ಲಾರಿಗಳ ಸಾಲು, ಪಾಳಿ ಮುಗಿಸಿ ನಿದ್ದೆಗಣ್ಣಿನಲ್ಲಿ ನಿಂತ ಹುಡುಗರು. ಆಮೇಲೆ ನೆಲ ಮೆತ್ತಗಾಗುತ್ತದೆ. ಮಾಗಿಯ ಮೊದಲ ಚಳಿ. ರಾಗಿ ಕೊಯ್ದ ಹೊಲಗಳಲ್ಲಿ ಕೂಳೆ ಉಳಿದಿದೆ, ಬದುಗಳಲ್ಲಿ ಅವರೆ ಹೂಬಿಟ್ಟಿದೆ. ನಡುನಡುವೆ ಗುಲಾಬಿ ಬೆಳೆಯುವ ಬಿಳಿ ಪ್ಲಾಸ್ಟಿಕ್ಕಿನ ಮನೆಗಳು ಬಿಸಿಲಿಗೆ ಹೊಳೆಯುತ್ತವೆ. ಹುಣಸೆಮರಗಳು ರಸ್ತೆಯ ಎರಡು ಬದಿಯಿಂದಲೂ ಬಾಗಿ ಒಂದರ ನೆರಳನ್ನು ಇನ್ನೊಂದಕ್ಕೆ ಸೇರಿಸಿವೆ. ಹತ್ತಿರದಲ್ಲೇ ದಕ್ಷಿಣ ಪಿನಾಕಿನಿ ಇದ್ದಾಳೆ. ತಮಿಳರು ಪೊನ್ನೈಯಾರ್ ಅನ್ನುತ್ತಾರೆ. ನಂದಿಬೆಟ್ಟದ ಕಡೆ ಹುಟ್ಟಿ, ಬೆಂಗಳೂರಿನ ಕೊಳೆ ಹೊತ್ತು, ಕೆಲವರಪಳ್ಳಿ ಅಣೆಕಟ್ಟೆಯಲ್ಲಿ ಬೆಳ್ಳನೆಯ ನೊರೆ ಕಾರುತ್ತ ಇತ್ತ ಬರುತ್ತಾಳೆ. ತೊರಪಳ್ಳಿ ಎಂಬ ಹೆಸರು ಹೇಗೆ ಬಂತೋ, ಕನ್ನಡದ ಕಿವಿಗೆ ಮಾತ್ರ ಅದರಲ್ಲಿ ಮೊದಲು ಕೇಳಿಸುವುದು ತೊರೆಯೇ.

ರಾಜಾಜಿ, ಅಂದರೆ ಚಕ್ರವರ್ತಿ ರಾಜಗೋಪಾಲಾಚಾರಿ, ಹುಟ್ಟಿದ್ದು ಇಲ್ಲಿ, 1878ರ ಡಿಸೆಂಬರ್ 10ರಂದು. ತಂದೆ ಈ ಊರಿನ ಮುನ್ಸೀಫರು. ಆಗ ಇದು ಸೇಲಂ ಜಿಲ್ಲೆ, ಆಮೇಲೆ ಧರ್ಮಪುರಿ, 2004ರಿಂದ ಕೃಷ್ಣಗಿರಿ. ಮಗ ಹೊಸೂರಿನಲ್ಲಿ ಅಕ್ಷರ ಕಲಿತು, ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಓದಿ, ವಕೀಲರಾಗಿ, ಮದರಾಸಿನ ಪ್ರಧಾನಿಯಾಗಿ, ಕೊನೆಗೆ ದೇಶದ ಗವರ್ನರ್ ಜನರಲ್ ಆದರು. ಹುಟ್ಟಿದ ಮನೆಯನ್ನು ಸರ್ಕಾರ ಸ್ಮಾರಕವಾಗಿ ಇಟ್ಟುಕೊಂಡಿದೆ. ಪುಟ್ಟ ಮನೆ, ಪುಟ್ಟ ಬೀದಿ. ಬಂದವರು ಫೋಟೋಗಳನ್ನು ನೋಡುತ್ತಾರೆ, ಹೊರಗೆ ಬಂದು ಒಂದು ನಿಮಿಷ ನಿಲ್ಲುತ್ತಾರೆ, ಹೋಗುತ್ತಾರೆ.

ನಾನು ಬಂದದ್ದು ಆ ಮನೆಗಾಗಿ ಅಲ್ಲ. ಐವತ್ತು ವರ್ಷದ ಹಿಂದೆ ಇದೇ ಊರಿಗೆ ಕ್ಯಾಮೆರಾ ಹೊತ್ತು ಬಂದ ತೆಲುಗು ಮನುಷ್ಯನೊಬ್ಬನ ಜಾಡು ಹುಡುಕಿಕೊಂಡು. ಆತ ಸಿಂಗೀತಂ ಶ್ರೀನಿವಾಸ ರಾವ್.

ಈ ಹೆಸರು ಕೇಳಿದರೆ ಕನ್ನಡಿಗರಲ್ಲಿ ಅನೇಕರು ಒಂದು ಕ್ಷಣ ತಡೆಯುತ್ತಾರೆ. ‘ಹಾಲು ಜೇನು’ ಅನ್ನಿ, ‘ಚಲಿಸುವ ಮೋಡಗಳು’ ಅನ್ನಿ, ‘ಪುಷ್ಪಕ ವಿಮಾನ’ ಅನ್ನಿ, ಮುಖ ಅರಳುತ್ತದೆ. ಚಿತ್ರಗಳೆಲ್ಲ ನಮಗೆ ಗೊತ್ತು, ಮಾಡಿದವರು ಗೊತ್ತಿಲ್ಲ. ಇದು ನನ್ನನ್ನು ಬಹಳ ದಿನಗಳಿಂದ ಕಾಡುತ್ತಿರುವ ಸಂಗತಿ.

ಅವರು ತೊರಪಳ್ಳಿಯಲ್ಲಿ ತೆಗೆದ ಚಿತ್ರ ‘ದಿಕ್ಕಟ್ರ ಪಾರ್ವತಿ’, ದಿಕ್ಕಿಲ್ಲದ ಪಾರ್ವತಿ. ತೆರೆಗೆ ಬಂದದ್ದು 1974ರಲ್ಲಿ. ಕಥೆ ರಾಜಾಜಿಯವರದೇ. ಹೆಂಡದ ವಿರುದ್ಧ ಅವರು ಬದುಕಿಡೀ ಹೋರಾಡಿದವರು. ತಿರುಚೆಂಗೋಡಿನ ಆಶ್ರಮದಿಂದ ‘ವಿಮೋಚನಂ’ ಎಂಬ ಪತ್ರಿಕೆಯನ್ನೇ ಅದಕ್ಕಾಗಿ ನಡೆಸಿದವರು. 1937ರಲ್ಲಿ ಅಧಿಕಾರಕ್ಕೆ ಬಂದೊಡನೆ ಪಾನನಿಷೇಧ ಮೊದಲು ತಂದದ್ದು ತಮ್ಮ ಸೇಲಂ ಜಿಲ್ಲೆಯಲ್ಲೇ. ಅವರ ಕೊನೆಗಾಲದಲ್ಲಿ, 1971ರಲ್ಲಿ, ತಮಿಳುನಾಡು ಆ ನಿಷೇಧವನ್ನು ಎತ್ತಿಹಾಕಿತು. ಮುಂದಿನ ವರ್ಷ ಕ್ರಿಸ್‌ಮಸ್ ದಿನ ರಾಜಾಜಿ ತೀರಿಕೊಂಡರು. ಹೆಂಡದಂಗಡಿಗಳ ಬಾಗಿಲು ತೆರೆದು ಮತ್ತೆ ಮುಚ್ಚಿದ ಆ ಮೂರ್ನಾಲ್ಕು ವರ್ಷಗಳ ಒಳಗೇ ಈ ಚಿತ್ರ ಹುಟ್ಟಿತು.

ಕಥೆಯಲ್ಲಿ ಕರುಪ್ಪನ್ ಬಂಡಿ ಹೊಡೆಯುವವನು, ಪಾರ್ವತಿ ಅವನ ಹೆಂಡತಿ. ಇಬ್ಬರದೂ ನಗುನಗುತ್ತ ನಡೆಯುವ ಸಂಸಾರ. ಸಾಲ ಮಾಡಿ ಬಂಡಿ, ಎತ್ತು ಕೊಳ್ಳುತ್ತಾರೆ. ಬಾಡಿಗೆ ಹೊಡೆಯಲು ಪೇಟೆಗೆ ಹೋದವನಿಗೆ ಹೆಂಡದ ರುಚಿ ಹತ್ತುತ್ತದೆ. ಸಾಲ ಬೆಳೆಯುತ್ತದೆ, ಸಾಲ ಕೊಟ್ಟ ಮನೆಯವರ ಕಣ್ಣು ಪಾರ್ವತಿಯ ಮೇಲೆ ಬೀಳುತ್ತದೆ. ಅಲ್ಲಿಂದ ಮುಂದೆ ಜಗಳ, ಪೊಲೀಸು, ಕೋರ್ಟು. ಕೊನೆಗೆ ಅವಳಿಗೆ ಊರಿನಲ್ಲಿ, ಮನೆಯಲ್ಲಿ, ಎಲ್ಲೂ ದಿಕ್ಕಿಲ್ಲ. ಹೆಂಡ ಕುಡಿದವನು ಒಬ್ಬ, ಅದರ ಬೆಲೆ ಪೂರ್ತಿ ತೆತ್ತವಳು ಇನ್ನೊಬ್ಬಳು. ಕುಡಿತದ ವಿರುದ್ಧ ಬರೆದ ನೂರು ಕಥೆಗಳಿಗಿಂತ ಇದು ಬೇರೆಯಾಗುವುದು ಇಲ್ಲೇ. ಹೆಸರಿನಲ್ಲೂ ಇರುವುದು ಅವಳೇ, ಕುಡುಕನಲ್ಲ.

ಪಾರ್ವತಿಯಾದವರು ಲಕ್ಷ್ಮಿ, ಎರಡು ವರ್ಷದ ಮೇಲೆ ನಾವು ‘ನಾ ನಿನ್ನ ಮರೆಯಲಾರೆ’ಯಲ್ಲಿ ಕಂಡ ಅದೇ ಲಕ್ಷ್ಮಿ. ಕರುಪ್ಪನ್ ಆದವರು ಶ್ರೀಕಾಂತ್. ಸಂಗೀತಕ್ಕೆ ಸಿಂಗೀತಂ ಕರೆದದ್ದು ವೈಣಿಕ ಚಿಟ್ಟಿಬಾಬು ಅವರನ್ನು. ತಂತಿಯ ಮೇಲೆ ಕೋಗಿಲೆಯನ್ನು ಕೂಗಿಸುತ್ತಿದ್ದ ಕೈ ಅದು. ಬಂಡಿಯವನ ಕಥೆಗೆ ವೀಣೆ! ಯೋಚಿಸಿದಷ್ಟೂ ಆ ಆಯ್ಕೆ ನನಗೆ ಇಷ್ಟವಾಗುತ್ತದೆ. ಹಳ್ಳಿಯ ಕಥೆಯೆಂದರೆ ತಮಟೆ, ಕೊಳಲು ಎಂಬ ಸುಲಭದ ಲೆಕ್ಕ ಹಾಕದೆ, ದುಃಖವನ್ನು ಮೀಟಿ ನಿಲ್ಲಿಸಬಲ್ಲ ವಾದ್ಯವನ್ನು ಹುಡುಕಿದ ಕಿವಿ ಅದು. ರಾಷ್ಟ್ರಪ್ರಶಸ್ತಿಗಳಲ್ಲಿ ತಮಿಳಿನ ಅತ್ಯುತ್ತಮ ಚಿತ್ರವೆಂಬ ಮನ್ನಣೆ ‘ದಿಕ್ಕಟ್ರ ಪಾರ್ವತಿ’ಗೆ ಸಂದಿತು.

ರಾಜಾಜಿ ಮನೆಯಿಂದ ಊರಾಚೆ ನಡೆದೆ. ಬಿಸಿಲೇರುತ್ತಿತ್ತು. ಹೊಲದ ನಡುವೆ ಮಣ್ಣಿನ ದಾರಿಯೊಂದು ಇಳಿಯುತ್ತದೆ. ಎರಡು ಕಡೆ ತಗ್ಗು, ನಡುವೆ ಹುಲ್ಲು ಬೆಳೆದ ದಿಣ್ಣೆ. ಈಗ ಅದರಲ್ಲಿ ಓಡುವುದು ಟ್ರ್ಯಾಕ್ಟರು, ಆದರೂ ನೆಲ ಇನ್ನೂ ಬಂಡಿ ಜಾಡಿನ ಆಕಾರದಲ್ಲೇ ಇದೆ. ಇದೇ ದಾರಿಯಲ್ಲಿ ಚಿತ್ರೀಕರಣ ನಡೆಯಿತೆಂದು ಹೇಳಲಾರೆ. ಆದರೆ ಇಂಥದೊಂದು ದಾರಿ ಆ ನಿರ್ದೇಶಕನಿಗೆ ಬೇಕಿತ್ತು. ಮದರಾಸಿನ ಸ್ಟುಡಿಯೋದಲ್ಲಿ ಗುಡಿಸಲು ಕಟ್ಟಿ, ಮಣ್ಣು ಹರಡಿ ತೆಗೆಯಬಹುದಾಗಿದ್ದನ್ನು ಬಿಟ್ಟು ಕಥೆಗಾರ ಹುಟ್ಟಿದ ಮಣ್ಣಿಗೇ ಬಂದರಲ್ಲ! ಆಗ ಹೊಸೂರು ಕಾರ್ಖಾನೆಗಳ ಊರಾಗಿರಲಿಲ್ಲ. ಲೇಲ್ಯಾಂಡ್ ಲಾರಿ, ಟಿವಿಎಸ್ ಮೊಪೆಡ್ಡು, ಟೈಟನ್ ಗಡಿಯಾರ ಎಲ್ಲ ಆಮೇಲಿನವು. ಕಣ್ಣು ಮುಚ್ಚಿ ಆ ದಿನವನ್ನು ತಂದುಕೊಂಡೆ. ಮರದ ಕೆಳಗೆ ಕ್ಯಾಮೆರಾದ ಮೂರು ಕಾಲು, ಬಿಸಿಲನ್ನು ತಿರುಗಿಸಿ ಮುಖಕ್ಕೆ ಹಿಡಿಯುವ ಬೆಳ್ಳಿ ಹಾಳೆಯ ಹಲಗೆಗಳು, ಬೇಲಿಯಾಚೆ ಸಾಲಾಗಿ ನಿಂತ ಮಕ್ಕಳು, ಮತ್ತು ಎತ್ತು ಸರಿಯಾದ ಹೊತ್ತಿಗೆ ಹೆಜ್ಜೆ ಇಡಲೆಂದು ಸುಮ್ಮನೆ ಕಾಯುತ್ತಿರುವ ನಲವತ್ತೆರಡರ ಆಸುಪಾಸಿನ ಒಬ್ಬ ಮೇಷ್ಟ್ರು.

ಮೇಷ್ಟ್ರು ಎಂದದ್ದು ಬಾಯಿತಪ್ಪಿ ಅಲ್ಲ. ನೆಲ್ಲೂರು ಜಿಲ್ಲೆಯ ಉದಯಗಿರಿಯಲ್ಲಿ 1931ರ ಸೆಪ್ಟೆಂಬರ್ 21ರಂದು ಹುಟ್ಟಿದ ಸಿಂಗೀತಂ, ಮದರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಭೌತಶಾಸ್ತ್ರ ಓದಿ, ಸುಳ್ಳೂರುಪೇಟೆಯ ಶಾಲೆಯಲ್ಲಿ ಪಾಠ ಹೇಳಿದವರು. ನಾಟಕ ಬರೆದರು, ಆಡಿಸಿದರು. ಸಂಗೀತವನ್ನು ಸಾಲೂರಿ ರಾಜೇಶ್ವರ ರಾವ್ ಅವರ ಬಳಿ ಕಲಿತರು. ಸಿನಿಮಾಕ್ಕೆ ಬಂದದ್ದು ಕೆ. ವಿ. ರೆಡ್ಡಿಯವರ ಸಹಾಯಕರಾಗಿ. 1957ರ ‘ಮಾಯಾಬಜಾರ್’ನಲ್ಲಿ ಘಟೋತ್ಕಚ ಮದುವೆಯೂಟವನ್ನೆಲ್ಲ ಗುಳುಂ ಮಾಡುತ್ತಾನಲ್ಲ, ಆ ಚಿತ್ರದ ಸೆಟ್ಟಿನಲ್ಲಿ ಹೇಳಿದ ಕೆಲಸ ಮಾಡುತ್ತ ಓಡಾಡಿದ ಹುಡುಗರಲ್ಲಿ ಇವರೊಬ್ಬರು. ಮುಂದೆ ಐವತ್ತೊಂದು ವರ್ಷ ಕಳೆದ ಮೇಲೆ, 2008ರಲ್ಲಿ, ಅದೇ ಘಟೋತ್ಕಚನನ್ನು ಮಕ್ಕಳಿಗಾಗಿ ಅನಿಮೇಷನ್ನಿನಲ್ಲಿ ತಂದರು, ಅದಕ್ಕೆ ಸಂಗೀತವನ್ನೂ ತಾವೇ ಕೊಟ್ಟರು. ಎಪ್ಪತ್ತೇಳನೆಯ ವಯಸ್ಸಿನಲ್ಲಿ.

ಕನ್ನಡದ ಜೊತೆ ಅವರ ನಂಟು ತೊರಪಳ್ಳಿಗಿಂತ ಹಳೆಯದು. ನೆಲ್ಲೂರಿನವರೇ ಆದ ಪಟ್ಟಾಭಿರಾಮ ರೆಡ್ಡಿ ‘ಸಂಸ್ಕಾರ’ ತೆಗೆದಾಗ ನಿರ್ದೇಶನದಲ್ಲಿ ಜೊತೆಗಿದ್ದವರು ಸಿಂಗೀತಂ. ಅನಂತಮೂರ್ತಿಯವರ ಕಾದಂಬರಿ, ಕಾರ್ನಾಡರ ಚಿತ್ರಕಥೆ, ಆಸ್ಟ್ರೇಲಿಯಾದ ಟಾಮ್ ಕೋವನ್‌ರ ಕ್ಯಾಮೆರಾ ಎಂದು ಆ ಚಿತ್ರದ ಬಗ್ಗೆ ಪುಟಗಟ್ಟಲೆ ಬರೆಯುವ ನಾವು ಈ ಹೆಸರಿಗೆ ಒಂದು ಸಾಲನ್ನೂ ಕೊಡುವುದಿಲ್ಲ. ಸ್ಟುಡಿಯೋ ಬಿಟ್ಟು ಊರಿಗೇ ಹೋಗಿ ತೆಗೆಯುವ ಧೈರ್ಯ ‘ಸಂಸ್ಕಾರ’ದ ಅಗ್ರಹಾರದಿಂದ ತೊರಪಳ್ಳಿಯ ಬೀದಿಗೆ ನಡೆದು ಬಂತೆಂದು ನಾನು ನಂಬುತ್ತೇನೆ.

ಹನ್ನೊಂದು ಗಂಟೆಗೆ ಊರ ಮುಂದಿನ ಕಟ್ಟೆಯ ಮೇಲೆ ಕೂತು ತಂದಿದ್ದ ಚಿತ್ರಾನ್ನ ತಿಂದೆ. ಎದುರಿನ ಅಂಗಳದಲ್ಲಿ ಇಬ್ಬರು ಹೆಂಗಸರು ಅವರೆಕಾಯಿ ಸುಲಿಯುತ್ತ ತೆಲುಗು ಮಾತಾಡುತ್ತಿದ್ದರು. ಒಳಗಿನಿಂದ ಟೀವಿಯ ತಮಿಳು. ಹೀಗೆ ಗಡಿಯಲ್ಲಿ ಬದುಕುವವರು ಒಂದು ಭಾಷೆಯಿಂದ ಇನ್ನೊಂದಕ್ಕೆ ಹೊಸಿಲು ದಾಟಿದಂತೆ ದಾಟುತ್ತಾರೆ. ಸಿಂಗೀತಂ ಅವರದೂ ಅದೇ ನಡಿಗೆ. ತೆಲುಗಿನಿಂದ ತಮಿಳಿಗೆ, ತಮಿಳಿನಿಂದ ಕನ್ನಡಕ್ಕೆ. ಬರವಣಿಗೆಯಿಂದ ಸಂಗೀತಕ್ಕೆ, ಪುರಾಣದಿಂದ ವಿಜ್ಞಾನ ಕಥೆಗೆ, ಕಣ್ಣೀರಿನಿಂದ ನಗೆಗೆ. ಎಲ್ಲೂ ತಮ್ಮ ಮೊಹರು ಒತ್ತಲಿಲ್ಲ. ರಾಜಕುಮಾರ್ ಇದ್ದರೆ ಅದು ರಾಜಕುಮಾರ್ ಚಿತ್ರವಾಯಿತು, ಕಮಲ ಹಾಸನ್ ಇದ್ದರೆ ಕಮಲ್ ಚಿತ್ರವಾಯಿತು. ಹೆಸರು ಮರೆಯಾದದ್ದಕ್ಕೆ ಕಾರಣ ಇದೇ ಇರಬೇಕು. ಆದರೆ ಸಾಲಾಗಿ ಇಟ್ಟು ನೋಡಿದರೆ ಒಂದು ಗುರುತು ಸಿಗುತ್ತದೆ. ಈತ ಕಿವಿಯಿಂದ ಸಿನಿಮಾ ಮಾಡಿದವರು.

1981ರ ‘ರಾಜ ಪಾರ್ವೈ’ ಕಮಲ ಹಾಸನ್ ಅವರ ನೂರನೆಯ ಚಿತ್ರ. ನಾಯಕ ಕಣ್ಣು ಕಾಣದ ಪಿಟೀಲುವಾದಕ, ಲೋಕ ಅವನಿಗೆ ಬರೀ ಸದ್ದು. ಕನ್ನಡದ ‘ಭಾಗ್ಯದ ಲಕ್ಷ್ಮೀ ಬಾರಮ್ಮ’ಕ್ಕೆ ನಿರ್ದೇಶನದ ಜೊತೆಗೆ ಸಂಗೀತವೂ ಅವರದೇ. ‘ಮಯೂರಿ’ಯಲ್ಲಿ, ಅಪಘಾತದಲ್ಲಿ ಕಾಲು ಕಳೆದುಕೊಂಡು ಜೈಪುರ ಕಾಲು ಕಟ್ಟಿಕೊಂಡು ಮತ್ತೆ ಕುಣಿದ ಸುಧಾ ಚಂದ್ರನ್ ಅವರ ಕಥೆಯನ್ನು ಸ್ವತಃ ಸುಧಾ ಅವರಿಂದಲೇ ಆಡಿಸಿದರು. ಅಲ್ಲಿಯೂ ಕೇಳಬೇಕಾದದ್ದು ಗೆಜ್ಜೆಯೇ.

ಇನ್ನು ‘ಪುಷ್ಪಕ ವಿಮಾನ’. 1987. ಶೃಂಗಾರ್ ನಾಗರಾಜ್ ಅವರ ಜೊತೆ ಸೇರಿ ತಾವೇ ಹಣ ಹಾಕಿದರು. ಬೆಂಗಳೂರಿನ ಬೀದಿಗಳು, ವಿಂಡ್ಸರ್ ಮ್ಯಾನರ್ ಹೋಟೆಲು, ಬಿ. ಸಿ. ಗೌರಿಶಂಕರ್ ಅವರ ಕ್ಯಾಮೆರಾ, ಎಲ್. ವೈದ್ಯನಾಥನ್ ಅವರ ಸಂಗೀತ. ಮಾತಿಲ್ಲ. ಕೆಲಸವಿಲ್ಲದ ಹುಡುಗ ರಸ್ತೆಯಲ್ಲಿ ಕುಡಿದು ಬಿದ್ದ ಶ್ರೀಮಂತನ ಬೀಗದ ಕೈ ಎತ್ತಿಕೊಂಡು ಅವನ ಹೋಟೆಲ್ ಕೋಣೆಯಲ್ಲಿ ಇರತೊಡಗುತ್ತಾನೆ. ಮೆತ್ತನೆಯ ಹಾಸಿಗೆ, ತಂಪು ಗಾಳಿ, ಆದರೂ ನಿದ್ದೆ ಬರುವುದಿಲ್ಲ. ಹಿಂದೆ ಅವನಿದ್ದ ಕೋಣೆ ಚಿತ್ರಮಂದಿರದ ಪಕ್ಕದಲ್ಲಿ. ಹೊಡೆದಾಟದ ಸದ್ದು, ಕಿರುಚಾಟಗಳ ನಡುವೆಯೇ ಮಲಗಿ ಅಭ್ಯಾಸ. ಕೊನೆಗೆ ಹೋಗಿ ಆ ಗದ್ದಲವನ್ನು ಟೇಪಿನಲ್ಲಿ ಹಿಡಿದು ತಂದು, ಹೋಟೆಲಿನಲ್ಲಿ ಹಚ್ಚಿಕೊಂಡು ಮಲಗುತ್ತಾನೆ.

ನಾನು ಈ ದೃಶ್ಯವನ್ನು ಮೊದಲು ನೋಡಿದಾಗ ಎಲ್ಲರಂತೆ ನಕ್ಕೆ. ಈಚೆಗೆ ನೋಡಿದಾಗ ಗಂಟಲು ಕಟ್ಟಿತು. ಬಡವ ಬಡತನವನ್ನು ಬಿಟ್ಟು ಬಂದರೂ ಅದರ ಸದ್ದು ಅವನಿಗೆ ಜೋಗುಳವಾಗಿ ಉಳಿದುಬಿಟ್ಟಿದೆ. ಮಾತಿನಲ್ಲಿ ಇದನ್ನು ಹೇಳಹೊರಟರೆ ಎರಡು ಪುಟವಾದರೂ ಬೇಕು. ಟೀನು ಆನಂದ್ ಆಡಿದ ಕೊಲೆಗಾರನ ಕೈಯಲ್ಲಿ ಮಂಜುಗಡ್ಡೆಯ ಕಠಾರಿ. ಕೊಲೆಗೆ ಕಾದು ನಿಂತಷ್ಟೂ ಆಯುಧ ನೀರಾಗಿ ಇಳಿಯುತ್ತದೆ. ಕೊನೆಗೆ ನಾಯಕಿ ಅಮಲಾ ಕಾರಿನಿಂದ ಎಸೆಯುವ ಗುಲಾಬಿ. ಅದರ ಜೊತೆಗಿದ್ದ ವಿಳಾಸದ ಚೀಟಿ ಗಾಳಿಗೆ ಹಾರಿ ಚರಂಡಿ ಸೇರುತ್ತದೆ, ಹುಡುಗನ ಕೈಯಲ್ಲಿ ಹೂವು ಮಾತ್ರ ಉಳಿಯುತ್ತದೆ. ತಮಿಳಿಗೆ ‘ಪೇಸುಂ ಪಡಂ’, ಹಿಂದಿಗೆ ‘ಪುಷ್ಪಕ್’ ಎಂದು ಹೆಸರು ಬದಲಿಸಿದ್ದೊಂದೇ, ಡಬ್ಬಿಂಗಿನ ಗೊಡವೆಯೇ ಬೀಳಲಿಲ್ಲ. ಮೂರು ಭಾಷೆಯ ಚಿತ್ರರಂಗಗಳಲ್ಲಿ ಬೆವರು ಸುರಿಸಿದ ಮನುಷ್ಯ, ಎಲ್ಲವಕ್ಕೂ ಒಟ್ಟಿಗೆ ತಲುಪಲು ಕೊನೆಗೆ ಮೌನವನ್ನು ಆರಿಸಿಕೊಂಡರು. ಅದಕ್ಕೂ ರಾಷ್ಟ್ರಪ್ರಶಸ್ತಿ ಬಂತು, ಅತ್ಯುತ್ತಮ ಜನಪ್ರಿಯ ಚಿತ್ರವೆಂದು.

ಕನ್ನಡದ ಮನೆಮನೆಗೆ ಅವರು ಬಂದದ್ದು ಮಾತ್ರ ರಾಜಕುಮಾರ್ ಮೂಲಕವೇ. ‘ಹಾಲು ಜೇನು’, ‘ಚಲಿಸುವ ಮೋಡಗಳು’ ಎರಡೂ 1982ರವು. ಹೆಂಡತಿಯ ಕಾಯಿಲೆಯ ಖರ್ಚು ಹೊಂದಿಸಲು ವೇಷ ಹಾಕುತ್ತ, ಸುಳ್ಳು ಹೇಳುತ್ತ, ಹೊರಗೆ ನಗಿಸಿ ಒಳಗೆ ಬೇಯುವ ‘ಹಾಲು ಜೇನು’ವಿನ ಗಂಡನನ್ನು ನೆನೆಯಿರಿ, ಆಮೇಲೆ ಕರುಪ್ಪನ್‌ನನ್ನು ನೆನೆಯಿರಿ. ಹೆಂಡತಿಯನ್ನು ಕೈಬಿಟ್ಟ ಗಂಡನ ಕಥೆ ತೊರಪಳ್ಳಿಯಲ್ಲಿ ಹೇಳಿದವರು, ಎಂಟು ವರ್ಷದ ಮೇಲೆ ಹೆಂಡತಿಗಾಗಿ ಮಾನವನ್ನೂ ಪಣಕ್ಕಿಟ್ಟ ಗಂಡನ ಕಥೆಯನ್ನು ಬೆಂಗಳೂರಿನಲ್ಲಿ ಹೇಳಿದರು. ಬೇಕೆಂದು ಮಾಡಿದ ಜೋಡಿಯಲ್ಲ, ಆದರೂ ನನ್ನ ಮನಸ್ಸಿನಲ್ಲಿ ಇವೆರಡೂ ಜೊತೆಯಾಗಿಯೇ ಇವೆ. ಪುಟ್ಟ ಪುನೀತ್ ‘ಚಲಿಸುವ ಮೋಡಗಳು’ವಿನಲ್ಲಿ ಹಾಡಿದ್ದು, 1986ರ ‘ಆನಂದ್’ನಲ್ಲಿ ಶಿವರಾಜಕುಮಾರ್ ನಾಯಕರಾಗಿ ಕಣ್ಣು ಬಿಟ್ಟದ್ದು, ‘ಚಿರಂಜೀವಿ ಸುಧಾಕರ’ದಲ್ಲಿ ರಾಘವೇಂದ್ರ ನಾಯಕರಾದದ್ದು, ರಾಜಕುಮಾರ್ ಅವರ ಮೂವರೂ ಗಂಡುಮಕ್ಕಳು ಈ ಒಬ್ಬ ಮೇಷ್ಟ್ರ ಕೈಯಲ್ಲಿ ಪಾಠ ಕಲಿತವರು.

‘ಅಪೂರ್ವ ಸಹೋದರರ್‌ಗಳ್’, ‘ಮೈಕೇಲ್ ಮದನ ಕಾಮ ರಾಜನ್’ಗಳ ಬಗ್ಗೆ ತಮಿಳರು ಬರೆದದ್ದೇ ಬೇಕಾದಷ್ಟಿದೆ. 1991ರ ‘ಆದಿತ್ಯ 369’ ಬಗ್ಗೆ ಒಂದು ಮಾತು. ಕಾಲಯಂತ್ರದಲ್ಲಿ ಕೂತವರು ಇಳಿಯುವುದು ಕೃಷ್ಣದೇವರಾಯನ ವಿಜಯನಗರದಲ್ಲಿ. ನಮ್ಮ ಹಂಪಿಯನ್ನು ವಿಜ್ಞಾನ ಕಥೆಯೊಳಗೆ ತಂದವರು ಒಬ್ಬ ಭೌತಶಾಸ್ತ್ರದ ವಿದ್ಯಾರ್ಥಿಯೇ ಎಂಬುದು ನನಗೆ ಸಂತೋಷದ ವಿಷಯ. ‘ಕಲ್ಕಿ’ ಚಿತ್ರತಂಡ ಅವರನ್ನು ಮಾರ್ಗದರ್ಶಕರಾಗಿ ಕರೆದುಕೊಂಡಾಗ ಅವರ ವಯಸ್ಸು ತೊಂಬತ್ತರ ಆಸುಪಾಸು.

ಸಂಜೆ ನಾಲ್ಕಕ್ಕೆ ಮತ್ತೆ ಅದೇ ಬಸ್ಸು ಬಂತು. ಅದೇ ಕಂಡಕ್ಟರ್. ಕಿಟಕಿಯ ಹತ್ತಿರ ಗುಲಾಬಿಯ ಎರಡು ರಟ್ಟಿನ ಪೆಟ್ಟಿಗೆ, ತಂಪಿಗೆ ಮೈಯೆಲ್ಲ ಬೆವರಿದ್ದವು.

"ನೋಡಿದ್ರಾ ಸಾರ್, ರಾಜಾಜಿ ಮನೆ?"

"ನೋಡಿದೆ. ಬಂದಿದ್ದು ಮಾತ್ರ ಸಿನಿಮಾ ವಿಷಯಕ್ಕೆ. ಇಲ್ಲೊಂದು ಚಿತ್ರ ತೆಗೆದಿದ್ರು, ಐವತ್ತು ವರ್ಷ ಆಯ್ತು."

"ಇಲ್ಲಾ? ನಮ್ ತೊರಪಳ್ಳೀಲಾ?" ಟಿಕೆಟ್ ಹರಿಯುವ ಕೈ ನಿಂತಿತು. "ಯಾರು ಸಾರ್ ತೆಗ್ದಿದ್ದು?"

"‘ಹಾಲು ಜೇನು’ ನೋಡಿದ್ದೀರಾ?"

"ಅಣ್ಣಾವ್ರ ಪಿಚ್ಚರ್ ನೋಡ್ದೇ ಇರ್ತೀವಾ? ನಮ್ಮಮ್ಮ ಅದನ್ನ ನೋಡಿ ಎರಡು ದಿನ ಅತ್ತಿದ್ಲಂತೆ."

"ಅದನ್ನ ಮಾಡಿದವರೇ."

ಅವನು ಹಿಂದಿನ ಸೀಟಿನ ಮುದುಕರ ಕಡೆ ತಿರುಗಿ ಇದನ್ನೇ ತಮಿಳಿನಲ್ಲಿ ಹೇಳಿದ. ಅವರಿಗೆ ಕೇಳಿಸಲಿಲ್ಲವೆಂದು ತೆಲುಗಿನಲ್ಲಿ ಇನ್ನೊಮ್ಮೆ ಜೋರಾಗಿ ಹೇಳಿದ. ಆಮೇಲೆ ನನ್ನ ಕಡೆ ಬಾಗಿ, "ಹೆಸರೇನಂದ್ರಿ ಸಾರ್?" ಅಂದ. ಹೇಳಿದೆ. ತುಟಿಯಲ್ಲೇ ಒಂದು ಸಲ ಅಂದುಕೊಂಡು, ತಪ್ಪಾಯಿತೇನೋ ಎಂಬಂತೆ ಇನ್ನೊಮ್ಮೆ ಹೇಳಿಸಿಕೊಂಡ. ಅಷ್ಟರಲ್ಲಿ ಹೊಸೂರು ಬಂತು.